ಎಮ್ಮಾ ಬೊವಾರಿಯ ಸಾಲದ ಲೆಕ್ಕ

ಹೈಸ್ಕೂಲಿನ ಗಣಿತದಲ್ಲಿ ಬಡ್ಡಿಯ ಪಾಠ ಬಂದಾಗ ಲೆಕ್ಕಗಳು ಸಾಮಾನ್ಯವಾಗಿ ಹೀಗೆ ಶುರುವಾಗುತ್ತವೆ: ‘ಒಬ್ಬನು 1,000 ರೂಪಾಯಿಯನ್ನು ಶೇಕಡಾ ಇಷ್ಟರ ಬಡ್ಡಿಯಂತೆ ಸಾಲ ಪಡೆದನು...’ ಆ ಒಬ್ಬನು ಯಾರು, ಅವನಿಗೆ ಹಣ ಯಾಕೆ ಬೇಕಾಯಿತು, ಸಾಲ ಮಾಡಿದ್ದನ್ನು ಹೆಂಡತಿಗೆ ಹೇಳಿದನೇ, ವಾಯಿದೆಯ ದಿನ ಯಾರೋ ಬಾಗಿಲು ತಟ್ಟಿದಾಗ ಅವನ ಎದೆ ಹೇಗೆ ಹೊಡೆದುಕೊಂಡಿತು ಎಂಬುದೆಲ್ಲ ಗಣಿತಕ್ಕೆ ಬೇಡ. ಅಸಲು, ದರ, ಅವಧಿ ಈ ಮೂರು ಸಿಕ್ಕರೆ ಉತ್ತರ ಬಂತು, ಅಂಕವೂ ಬಂತು.

ಗಣಿತ ಬಿಟ್ಟುಕೊಟ್ಟ ಆ ಪ್ರಶ್ನೆಗಳನ್ನು ಎತ್ತಿಕೊಂಡದ್ದು ಕಾದಂಬರಿ. ಹತ್ತೊಂಬತ್ತನೆಯ ಶತಮಾನದ ಯೂರೋಪಿನ ದೊಡ್ಡ ಕಾದಂಬರಿಗಳನ್ನು ತೆರೆದರೆ ಎರಡು ವಿಷಯಗಳು ಮತ್ತೆ ಮತ್ತೆ ಎದುರಾಗುತ್ತವೆ. ಒಂದು ಸಾಲ, ಇನ್ನೊಂದು ದಾಂಪತ್ಯದಲ್ಲಿ ಬಗೆದ ದ್ರೋಹ. ಮೊದಲನೆಯದು ಕೋರ್ಟು ಕಚೇರಿಯ ಸಂಗತಿ, ಎರಡನೆಯದು ಮನಸ್ಸಿನ ಸಂಗತಿ ಎಂದು ನಾವು ಬೇರೆ ಮಾಡಿ ನೋಡುತ್ತೇವೆ. ಇವೆರಡೂ ಒಂದೇ ರೀತಿಯಲ್ಲಿ ಬೆಳೆಯುತ್ತವೆ, ಒಂದನ್ನೊಂದು ಬೆಳೆಸುತ್ತವೆ ಎಂದು ಲೆಕ್ಕ ಸಮೇತ ತೋರಿಸಿಕೊಟ್ಟ ಪುಸ್ತಕ ಫ್ರಾನ್ಸಿನ ಗುಸ್ತಾವ್ ಫ್ಲೊಬೇರ್ ಬರೆದ ‘ಮದಾಮ್ ಬೊವಾರಿ’.

ಪುಸ್ತಕದ ಮೇಲೆ ಮೊಕದ್ದಮೆ

ಫ್ಲೊಬೇರ್ 1821ರಲ್ಲಿ ನಾರ್ಮಂಡಿ ಪ್ರಾಂತದ ರುಆಂ ನಗರದಲ್ಲಿ ಹುಟ್ಟಿದರು. ಅವರ ತಂದೆ ಅಲ್ಲಿಯ ಆಸ್ಪತ್ರೆಯ ಮುಖ್ಯ ಶಸ್ತ್ರವೈದ್ಯರು. 1851ರಲ್ಲಿ ಬರೆಯಲು ಕೂತ ಈ ಕಾದಂಬರಿ ಮುಗಿದದ್ದು 1856ರಲ್ಲಿ. ಆ ವರ್ಷದ ಅಕ್ಟೋಬರಿನಿಂದ ಡಿಸೆಂಬರಿನವರೆಗೆ ಪ್ಯಾರಿಸಿನ ಒಂದು ಪತ್ರಿಕೆಯಲ್ಲಿ ಅದು ಧಾರಾವಾಹಿಯಾಗಿ ಬಂತು. 1857ರ ಜನವರಿಯಲ್ಲಿ ಸರಕಾರ ಲೇಖಕರನ್ನು ನ್ಯಾಯಾಲಯಕ್ಕೆ ಎಳೆಯಿತು. ಸಾರ್ವಜನಿಕ ನೀತಿಗೂ ಧರ್ಮಕ್ಕೂ ಅಪಚಾರ ಎಂಬುದು ಆಪಾದನೆ. ಫೆಬ್ರವರಿ 7ರಂದು ಫ್ಲೊಬೇರ್ ಖುಲಾಸೆಯಾದರು. ಏಪ್ರಿಲ್‌ನಲ್ಲಿ ಪುಸ್ತಕ ಹೊರಬಂತು.

ವಿವಾಹಿತ ಹೆಣ್ಣೊಬ್ಬಳು ಪರಪುರುಷರನ್ನು ಪ್ರೀತಿಸಿದ್ದು ಆಪಾದನೆಗೆ ಸಾಕಾಗಿತ್ತು. ಅದೇ ಪುಸ್ತಕದಲ್ಲಿ ಬಟ್ಟೆ ವ್ಯಾಪಾರಿಯೊಬ್ಬ ನಗುನಗುತ್ತಲೇ ಒಂದು ಸಂಸಾರವನ್ನು ನುಂಗಿ ಹಾಕುವ ಪುಟಗಳಿವೆ. ಆಪಾದನೆಯಲ್ಲಿ ಅವುಗಳಿಗೆ ಜಾಗವಿರಲಿಲ್ಲ. ಆದರೆ ಕಥೆಯ ಬೆನ್ನೆಲುಬು ಇರುವುದು ಆ ಪುಟಗಳಲ್ಲಿಯೇ.

ಕಥೆ ಇಷ್ಟು. ಶಾರ್ಲ್ ಬೊವಾರಿ ಹಳ್ಳಿಯ ವೈದ್ಯ. ಪೂರ್ಣ ವೈದ್ಯ ಪದವಿ ಇಲ್ಲದ, ನಮ್ಮ ಹಿಂದಿನ ಎಲ್.ಎಂ.ಪಿ. ಡಾಕ್ಟರುಗಳಂತೆ ಕೆಳಗಿನ ದರ್ಜೆಯ ಪರವಾನಗಿ ಪಡೆದವನು. ಒಳ್ಳೆಯವನು, ಮಂದ ಸ್ವಭಾವದವನು. ಎಮ್ಮಾ ರೈತನ ಮಗಳು. ಕಾನ್ವೆಂಟಿನಲ್ಲಿ ಓದುವಾಗ ಪ್ರಣಯದ ಪುಸ್ತಕಗಳನ್ನು ಕದ್ದು ಓದಿ, ಬದುಕು ಹಾಗೆಯೇ ಇರುತ್ತದೆ ಎಂದು ನಂಬಿದವಳು. ಮದುವೆಯಾದ ಮೇಲೆ ಸಿಕ್ಕದ್ದು ಊಟ, ನಿದ್ದೆ, ರೋಗಿಗಳ ಮಾತು. ಒಮ್ಮೆ ಶ್ರೀಮಂತರ ಬಂಗಲೆಯ ನೃತ್ಯಕೂಟಕ್ಕೆ ಕರೆ ಬಂತು. ಆ ಒಂದು ರಾತ್ರಿಯ ಬೆಳಕು ಅವಳ ಕಣ್ಣಿನಿಂದ ಹೋಗಲೇ ಇಲ್ಲ. ಮುಂದೆ ಯೋನ್‌ವಿಲ್ ಎಂಬ ಊರಿಗೆ ಬಂದ ಮೇಲೆ ಮಗಳು ಬೆರ್ತ್ ಹುಟ್ಟಿದಳು. ಅಲ್ಲಿಯೇ ಜಮೀನುದಾರ ರೊಡೋಲ್ಫ್‌ನ ಪರಿಚಯವಾಯಿತು. ಅವನು ಕೈಬಿಟ್ಟ ಮೇಲೆ ವಕೀಲರ ಗುಮಾಸ್ತ ಲಿಯೋನ್ ಬಂದ. ಮತ್ತು ಮೊದಲಿನಿಂದ ಕೊನೆಯವರೆಗೆ ಬಾಗಿಲ ಬಳಿ ಬಗ್ಗಿ ನಿಂತೇ ಇದ್ದವನು ಬಟ್ಟೆ ವ್ಯಾಪಾರಿ ಲೆರೋ. ಫ್ರೆಂಚಿನಲ್ಲಿ ಆ ಹೆಸರಿಗೆ ‘ಸುಖಿ’ ಎಂದು ಅರ್ಥ.

ಸಾಲ ಬಂದ ದಾರಿ

ಲೆರೋ ಎಂದೂ ಒತ್ತಾಯ ಮಾಡುವವನಲ್ಲ. ‘ಹಣದ ಮಾತು ಆಮೇಲೆ’ ಎನ್ನುವ ಜಾತಿಯವನು. ಎಮ್ಮಾ ರೊಡೋಲ್ಫ್‌ಗೆ ಉಡುಗೊರೆ ಕೊಡಬೇಕೆಂದು ಬೆಳ್ಳಿಯ ಹಿಡಿಗೆ ಚಿನ್ನದ ನೀರು ಹಾಕಿದ ಚಾವಟಿಯನ್ನು ತರಿಸಿದಳು. ತಂದುಕೊಟ್ಟವನು ಲೆರೋ. ರೊಡೋಲ್ಫ್‌ನೊಂದಿಗೆ ಓಡಿಹೋಗಲು ನಿಲುವಂಗಿ, ಪ್ರಯಾಣದ ಪೆಟ್ಟಿಗೆ ಬೇಕಾದಾಗ ಹೇಳಿದ್ದೂ ಅವನಿಗೇ. ಓಡಿಹೋಗುವ ದಿನ ಬರುವ ಮೊದಲೇ ರೊಡೋಲ್ಫ್ ಪತ್ರ ಬರೆದು ಕೈತೊಳೆದುಕೊಂಡ. ಪ್ರೇಮ ಮುಗಿಯಿತು, ಬಿಲ್ಲು ಮಾತ್ರ ಉಳಿಯಿತು.

ಆ ಪೆಟ್ಟಿನಿಂದ ಎಮ್ಮಾ ಹಾಸಿಗೆ ಹಿಡಿದಳು. ಅವಳ ಆರೈಕೆಯಲ್ಲಿ ರೋಗಿಗಳನ್ನು ನೋಡುವುದನ್ನೂ ಬಿಟ್ಟ ಶಾರ್ಲ್ ತಾನೇ ಲೆರೋನ ಬಳಿ 1,000 ಫ್ರಾಂಕ್ ಕೇಳಿದ. ಲೆರೋ ಒಂದು ವರ್ಷದ ವಾಯಿದೆಗೆ 1,070 ಫ್ರಾಂಕಿನ ನೋಟು ಬರೆಸಿಕೊಂಡ. ಅದಕ್ಕೆ ಮೊದಲೇ ಸಾಮಾನಿನ ಬಾಕಿಗೆಂದು 180ರ ನೋಟು ಆಗಿತ್ತು. ಒಟ್ಟು 1,250. ಮುಂದಿನ ವರ್ಷ ಇದನ್ನು ಹೇಗೆ ತೀರಿಸುವುದೆಂದು ಶಾರ್ಲ್ ಸ್ವಲ್ಪ ಯೋಚಿಸುತ್ತಾನೆ. ಹೆಂಡತಿ ಕಾಯಿಲೆ ಬಿದ್ದಿರುವಾಗ ಹಣದ ಚಿಂತೆ ಮಾಡುವುದೇ ತಪ್ಪೆಂದು ಅದನ್ನು ತಲೆಯಿಂದ ಆಚೆ ಹಾಕುತ್ತಾನೆ. ಆ ಮನೆಯಲ್ಲಿ ಹಣದ ವಿಷಯವನ್ನು ಮುಚ್ಚಿಟ್ಟವಳು ಎಮ್ಮಾ ಒಬ್ಬಳೇ ಅಲ್ಲ ಎಂಬುದನ್ನು ಓದುಗರು ಇಲ್ಲಿ ಗುರುತು ಹಾಕಿಕೊಳ್ಳಬೇಕು.

ಅಂದಿನ ಫ್ರಾನ್ಸಿನಲ್ಲಿ ಗಂಡನ ಒಪ್ಪಿಗೆ ಇಲ್ಲದೆ ಹೆಂಡತಿ ಯಾವ ಕರಾರಿಗೂ ಸಹಿ ಹಾಕುವಂತಿರಲಿಲ್ಲ. ಈ ಅಡ್ಡಿಗೂ ಲೆರೋ ಉಪಾಯ ಸೂಚಿಸಿದ: ಗಂಡನಿಂದ ಒಂದು ಮುಖ್ತ್ಯಾರ್ ಪತ್ರ ಬರೆಸಿಕೊಂಡರಾಯಿತು. ಶಾರ್ಲ್ ಅದನ್ನೂ ಕೊಟ್ಟ. ಅಲ್ಲಿಂದ ಮುಂದೆ ಅವನ ಹೆಸರಿನ ಸಾಲ ಅವನಿಗೆ ಗೊತ್ತಿಲ್ಲದೆ ಬೆಳೆಯಲು ದಾರಿಯಾಯಿತು.

ಒಂದು ದಿನ ರುಆಂನ ಹೋಟೆಲಿನಿಂದ ಎಮ್ಮಾ ಲಿಯೋನನ ತೋಳು ಹಿಡಿದು ಹೊರಬರುವುದನ್ನು ಲೆರೋ ಕಂಡ. ಅವನು ಊರಿನಲ್ಲಿ ಆಡಿಕೊಳ್ಳಲಿಲ್ಲ. ಮೂರು ದಿನ ಬಿಟ್ಟು ಅವಳ ಮನೆಗೆ ಬಂದು ಹಣ ಕೇಳಿದ. ಗುಟ್ಟು ಅವನಿಗೆ ಅಡವಾಗಿ ಸಿಕ್ಕಿತ್ತು. ಶಾರ್ಲ್‌ಗೆ ಪಿತ್ರಾರ್ಜಿತವಾಗಿ ಬಂದಿದ್ದ ಒಂದು ಚಿಕ್ಕ ಆಸ್ತಿಯನ್ನು ಮಾರಿಸಿ, ತಲಾ 1,000 ಫ್ರಾಂಕಿನ ನಾಲ್ಕು ನೋಟುಗಳಿಗೆ ಅವಳಿಂದ ಸಹಿ ಹಾಕಿಸಿಕೊಂಡ. ಆ ನೋಟುಗಳನ್ನು ರುಆಂನ ವ್ಯಾನ್ಸಾರ್ ಎಂಬ ಸ್ನೇಹಿತನ ಬಳಿ ವಟಾಯಿಸಿ, ಹಳೆಯ ಬಾಕಿ ಕಳೆದು ಉಳಿದದ್ದನ್ನು ಕೊಡುತ್ತೇನೆಂದು ಮಾತು. ಉಳಿಯಬೇಕಾದದ್ದು 2,000. ಕೈಗೆ ಬಂದದ್ದು 1,800. ಇನ್ನೂರು ಎಲ್ಲಿ? ಕಮಿಷನ್ನು ಮತ್ತು ವಟಾವು.

ತರಗತಿಗೆ ಒಂದು ಲೆಕ್ಕ

ಕಾದಂಬರಿಯಿಂದ ಈ ಎರಡು ಸಂಖ್ಯೆಗಳನ್ನಷ್ಟೇ ತೆಗೆದುಕೊಂಡು ವಿದ್ಯಾರ್ಥಿಗಳು ಒಂದು ಲೆಕ್ಕ ಮಾಡಿ ನೋಡಬಹುದು. ಒಬ್ಬನು 2,000ದ ನೋಟು ಬರೆದುಕೊಟ್ಟು ಕೈಗೆ 1,800 ಪಡೆಯುತ್ತಾನೆ ಎಂದುಕೊಳ್ಳೋಣ. ವಾಯಿದೆ ಮೂರು ತಿಂಗಳು. ಮೇಲ್ನೋಟಕ್ಕೆ ಇದು ಶೇಕಡಾ 10ರ ಕಡಿತ. ನಿಜಕ್ಕೂ ಅವನ ಕೈಗೆ ಬಂದ ಅಸಲು 1,800. ಅದರ ಮೇಲೆ 200 ಎಂದರೆ ಶೇಕಡಾ 11ಕ್ಕೂ ಹೆಚ್ಚು. ಅದೂ ವರ್ಷಕ್ಕಲ್ಲ, ಮೂರೇ ತಿಂಗಳಿಗೆ.

ವಾಯಿದೆಯ ದಿನ ಹಣವಿಲ್ಲ. ಹಳೆಯ ನೋಟು ತೀರಿಸಲು ಅದೇ ಶರತ್ತಿನ ಮೇಲೆ ಹೊಸ ನೋಟು. 2,000 ಕೈಗೆ ಬರಬೇಕಾದರೆ 2,222ಕ್ಕೆ ಬರೆದುಕೊಡಬೇಕು. ಆರು ತಿಂಗಳು ತುಂಬಿದಾಗ ಅದನ್ನು ತೀರಿಸಲು 2,469. ಒಂಬತ್ತು ತಿಂಗಳಿಗೆ ಮತ್ತೊಂದು ನೋಟು, 2,743. ವರ್ಷ ಮುಗಿಯುವಾಗ ತೀರಿಸಬೇಕಾದದ್ದು ಇದು. ಎರಡನೆಯ ವರ್ಷದ ಕೊನೆಗೆ ಸುಮಾರು 4,180. ಕೈಗೆ ಬಂದಿದ್ದು 1,800 ಮಾತ್ರ. ಅಂದಿನ ಫ್ರಾನ್ಸಿನಲ್ಲಿ 1807ರ ಕಾನೂನಿನಂತೆ ಸಾಮಾನ್ಯ ಸಾಲಕ್ಕೆ ಶೇಕಡಾ 5, ವ್ಯಾಪಾರದ ಸಾಲಕ್ಕೆ ಶೇಕಡಾ 6 ಮಿತಿ ಇತ್ತು. ಶೇಕಡಾ 6ರಂತೆ 1,800ಕ್ಕೆ ಒಂದು ವರ್ಷದ ಬಡ್ಡಿ 108 ಮಾತ್ರ. ಬಡ್ಡಿಯನ್ನು ಬಡ್ಡಿ ಎಂದು ಕರೆಯದೆ ಕಮಿಷನ್ನು, ವಟಾವು, ಖರ್ಚು ಎಂದು ಬೇರೆ ಬೇರೆ ಹೆಸರಿನಿಂದ ಕರೆದರೆ ಕಾನೂನಿನ ಕಣ್ಣಿಗೆ ಬೀಳದೆ ಎಷ್ಟು ಬೇಕಾದರೂ ಕತ್ತರಿಸಬಹುದು. ಮೊಬೈಲ್ ಫೋನಿನಲ್ಲಿ ಐದು ನಿಮಿಷಕ್ಕೆ ಸಾಲ ಸಿಗುವ ಈ ಕಾಲದಲ್ಲಿಯೂ ಮೊದಲು ಕೇಳಬೇಕಾದ ಪ್ರಶ್ನೆ ಅದೇ: ಕೈಗೆ ಎಷ್ಟು ಬರುತ್ತದೆ, ಒಟ್ಟು ಎಷ್ಟು ಕೊಡಬೇಕು, ಎಷ್ಟು ದಿನದಲ್ಲಿ?

ಸುಳ್ಳಿಗೂ ಚಕ್ರಬಡ್ಡಿ

ಸಾಲದ ನೋಟನ್ನು ನವೀಕರಿಸಿದ ಹಾಗೆಯೇ ಎಮ್ಮಾ ಸುಳ್ಳನ್ನೂ ನವೀಕರಿಸುತ್ತಾ ಹೋದಳು. ಪ್ರತಿ ಗುರುವಾರ ರುಆಂಗೆ ಹೋಗಲು ಪಿಯಾನೋ ಪಾಠದ ನೆಪ. ಒಂದು ದಿನ ಶಾರ್ಲ್‌ಗೆ ಆ ಸಂಗೀತ ಶಿಕ್ಷಕಿಯೇ ಎದುರಾಗಿ, ‘ನಿಮ್ಮ ಹೆಂಡತಿಯ ಪರಿಚಯವೇ ನನಗಿಲ್ಲ’ ಎಂಬರ್ಥದ ಮಾತಾಡಿದಳು. ಮನೆಗೆ ಬಂದು ಕೇಳಿದರೆ, ಆ ಹೆಸರಿನವರು ಊರಿನಲ್ಲಿ ಬೇರೆಯವರೂ ಇರಬಹುದು ಎಂದು ಉತ್ತರ. ಕೆಲವು ದಿನಗಳ ಮೇಲೆ ಶಾರ್ಲ್ ಬೂಟು ಹಾಕಿಕೊಳ್ಳುವಾಗ ಕಾಲಿಗೆ ಒಂದು ಕಾಗದ ತಗುಲಿತು. ಮೂರು ತಿಂಗಳ ಪಾಠ ಮತ್ತು ಸಾಮಗ್ರಿಗೆ 65 ಫ್ರಾಂಕ್ ಸಂದಾಯವಾಯಿತು ಎಂಬ ರಸೀದಿ. ಅದು ಬೂಟಿನೊಳಗೆ ಹೇಗೆ ಬಂತೆಂದು ಕೇಳಿದರೆ, ಮೇಲಿನ ಹಲಗೆಯ ಮೇಲಿದ್ದ ಹಳೆಯ ಬಿಲ್ಲುಗಳ ಪೆಟ್ಟಿಗೆಯಿಂದ ಬಿದ್ದಿರಬೇಕು ಎಂದಳು. ಶಾರ್ಲ್ ನಂಬಿದ.

ಸಾಲಗಾರನು ಹಳೆಯ ನೋಟಿಗೆ ಹೊಸ ನೋಟು ಬರೆದಂತೆ, ಮೊದಲ ಸುಳ್ಳನ್ನು ಉಳಿಸಿಕೊಳ್ಳಲು ಎರಡನೆಯದು, ಅದನ್ನು ಉಳಿಸಲು ಸುಳ್ಳು ರಸೀದಿ. ಪ್ರತಿ ಸಲವೂ ಮೊತ್ತ ಮೊದಲಿಗಿಂತ ದೊಡ್ಡದು. ರೋಗಿಗಳಿಂದ ಬರಬೇಕಾದ ಫೀಜನ್ನು ಅವಳೇ ಗುಟ್ಟಾಗಿ ವಸೂಲಿ ಮಾಡಿದಳು, ಮನೆಯ ಹಳೆಯ ಸಾಮಾನು ಮಾರಿದಳು. ಪ್ರೇಮದ ಗುಟ್ಟು ಕಾಯಲು ಹಣ ಬೇಕು. ಹಣದ ಗುಟ್ಟು ಕಾಯಲು ಮತ್ತಷ್ಟು ಸುಳ್ಳು ಬೇಕು. ದಾಂಪತ್ಯದ ದ್ರೋಹ, ಸಾಲದ ಗುಟ್ಟು ಎರಡೂ ಕೂಡಿ ಒಂದೇ ಖಾತೆಯಾದವು.

ತೆರೆದಿದ್ದ ಬಾಗಿಲು

ಕೊನೆಗೆ ನ್ಯಾಯಾಲಯದ ಆಜ್ಞೆ ಬಂತು: ಇಪ್ಪತ್ತನಾಲ್ಕು ಗಂಟೆಯೊಳಗೆ 8,000 ಫ್ರಾಂಕ್. ಇಲ್ಲವಾದರೆ ಮನೆಯ ಸಾಮಾನಿನ ಜಪ್ತಿ. ಎಮ್ಮಾ ಓಡತೊಡಗಿದಳು. ಲೆರೋನ ಕಾಲು ಹಿಡಿದಳು. ಅವನು ಬಾಗಿಲು ಹಾಕಿಕೊಂಡ. ಲಿಯೋನ್ ಜಾರಿಕೊಂಡ. ಊರಿನ ನೋಟರಿ ಹಣದ ಬದಲು ಅವಳನ್ನೇ ಬಯಸಿದ. ಅವಳು ಎದ್ದು ಬಂದಳು. ತೆರಿಗೆ ವಸೂಲಿಯ ಬಿನೆಯ ಮನೆ ಬಾಗಿಲಿಗೂ ಹೋದಳು. ಕಡೆಗೆ ರೊಡೋಲ್ಫ್. ಮೂರು ಸಾವಿರ ಕೇಳಿದಳು. ಇಲ್ಲ ಎಂದ.

ಅವಳು ಹೋಗದೇ ಇದ್ದ ಬಾಗಿಲು ಒಂದೇ, ತನ್ನ ಮನೆಯದು. ಶಾರ್ಲ್‌ಗೆ ಹೇಳಿದರೆ ಅವನು ಅಳುತ್ತಾನೆ, ಆಮೇಲೆ ಕ್ಷಮಿಸಿಬಿಡುತ್ತಾನೆ ಎಂಬುದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಆ ಕ್ಷಮೆಯೇ ಅವಳಿಗೆ ಬೇಡವಾಗಿತ್ತು. ಈಗ ಬಾಯಿ ತೆರೆದರೆ ಸಾಲದ ಜೊತೆ ಉಳಿದದ್ದೂ ಹೊರಬರುತ್ತದೆ. ಗುಟ್ಟು ಅಷ್ಟು ದೊಡ್ಡದಾಗಿ ಬೆಳೆದಿತ್ತು.

ಅವಳು ಔಷಧದ ಅಂಗಡಿಯ ಉಗ್ರಾಣಕ್ಕೆ ಹೋಗಿ ಶಂಖಪಾಷಾಣ ತಿಂದಳು. ಅವಳು ಓದಿದ್ದ ಪ್ರಣಯದ ಪುಸ್ತಕಗಳಲ್ಲಿ ನಾಯಕಿಯರು ಹೂವು ಬಾಡಿದಂತೆ ಸಾಯುತ್ತಿದ್ದರು. ಫ್ಲೊಬೇರ್ ಹಾಗೆ ಬರೆಯಲಿಲ್ಲ. ಆರ್ಸೆನಿಕ್ಕಿನ ಈ ಆಕ್ಸೈಡು ಜೀವಕೋಶಗಳ ಕಿಣ್ವಗಳಲ್ಲಿರುವ ಗಂಧಕದ ಭಾಗಕ್ಕೆ ಅಂಟಿಕೊಂಡು ಉಸಿರಾಟದ ರಾಸಾಯನಿಕ ಕ್ರಿಯೆಯನ್ನೇ ಕೆಡಿಸುತ್ತದೆ. ದೇಹ ಗಂಟೆಗಟ್ಟಲೆ ಹೆಣಗುತ್ತದೆ. ವೈದ್ಯರ ಮನೆಯಲ್ಲಿ ಬೆಳೆದ ಲೇಖಕರು ಅದನ್ನು ಆಸ್ಪತ್ರೆಯ ಕಡತದಂತೆ ಬರೆದರು. ಬರೆಯುವಾಗ ತಮ್ಮ ಬಾಯಲ್ಲೇ ವಿಷದ ರುಚಿ ಬಂದು ವಾಂತಿಯಾಯಿತೆಂದು ಮುಂದೆ ಪತ್ರವೊಂದರಲ್ಲಿ ಹೇಳಿಕೊಂಡಿದ್ದಾರೆ. ವಿಷ ತಿಂದ ಮೇಲೆ ಎಮ್ಮಾಳ ಬಳಿ ಕುಳಿತು ಅತ್ತವನು ಶಾರ್ಲ್ ಒಬ್ಬನೇ. ತನ್ನ ಮೇಲೆ ಅವನಿಗೆ ಎಷ್ಟು ಪ್ರೀತಿ ಇತ್ತೆಂದು ಅವಳು ಕಂಡದ್ದು ಆಗಲೇ.

ಸಾಲ ತೀರಿಸಲಾಗದೆ, ಮಾನಕ್ಕೆ ಅಂಜಿ, ದಾರಿಯೇ ಇಲ್ಲವೆಂದು ಯಾರಿಗಾದರೂ ಅನ್ನಿಸುತ್ತಿದ್ದರೆ ಅದು ಆ ಗಳಿಗೆಯ ಕತ್ತಲೆ. ಸಾಲಕ್ಕೆ ಕಂತು ಉಂಟು, ಗಡುವು ಉಂಟು, ಕಾನೂನು ಉಂಟು. ಮನೆಯವರಿಗೆ ಹೇಳಲು ಬಾಯಿ ಬರದಿದ್ದರೆ ಕೇಂದ್ರ ಸರಕಾರ 2022ರಲ್ಲಿ ಆರಂಭಿಸಿದ ಟೆಲಿ-ಮಾನಸ್ ಸೇವೆಯ 14416 ಸಂಖ್ಯೆಗೆ ಹಗಲು ರಾತ್ರಿ ಎನ್ನದೆ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲಿಯೇ ಮಾತಾಡಬಹುದು.

ತಪ್ಪು ಯಾರದು?

ಎಮ್ಮಾಳನ್ನು ದುಂದುಗಾರ್ತಿ, ಜಾರಿಣಿ ಎಂದು ಬಯ್ದು ಪುಸ್ತಕ ಮುಚ್ಚುವುದು ಸುಲಭ. ‘ಹಾಸಿಗೆ ಇದ್ದಷ್ಟು ಕಾಲು ಚಾಚು’ ಎಂಬ ಗಾದೆ ಅವಳಿಗೆ ಹೊಂದುತ್ತದೆ. ಆದರೆ ಹಾಸಿಗೆಯ ಅಳತೆಯನ್ನು ಅವಳಿಗೆ ತೋರಿಸಿದವರು ಯಾರು? ಅಂದಿನ ಕಾನೂನನ್ನೂ ನೋಡಬೇಕು. ಫ್ರಾನ್ಸಿನಲ್ಲಿ 1816ರಲ್ಲಿ ರದ್ದಾದ ವಿಚ್ಛೇದನ ಮತ್ತೆ ಬಂದದ್ದು 1884ರಲ್ಲಿ. ವ್ಯಭಿಚಾರಕ್ಕೆ ಹೆಂಡತಿಗಾದರೆ ಮೂರು ತಿಂಗಳಿನಿಂದ ಎರಡು ವರ್ಷದ ಸೆರೆವಾಸ. ಗಂಡನಾದರೆ, ಅದೂ ಇಟ್ಟುಕೊಂಡವಳನ್ನು ಮನೆಗೇ ತಂದಿದ್ದರೆ, ಬರಿಯ ದಂಡ. ಗಂಡನ ಅನುಮತಿ ಇಲ್ಲದೆ ತನ್ನ ಹೆಸರಿನಲ್ಲಿ ಬ್ಯಾಂಕು ಖಾತೆ ತೆರೆಯುವ ಹಕ್ಕು ಫ್ರಾನ್ಸಿನ ವಿವಾಹಿತೆಗೆ ಬಂದದ್ದು 1965ರಲ್ಲಿ. ದುಡಿಯುವ ದಾರಿ ಇಲ್ಲ, ಬಿಡುಗಡೆಯ ದಾರಿ ಇಲ್ಲ. ಸಾಲ ಮಾಡುವ ದಾರಿಯೊಂದೇ ಹಿತ್ತಲ ಬಾಗಿಲಿನಂತೆ ತೆರೆದಿತ್ತು.

ಇದೇ ಎರಡು ತಪ್ಪುಗಳನ್ನು ಗಂಡಸು ಮಾಡಿದರೆ? ರಷ್ಯಾದ ಟಾಲ್‌ಸ್ಟಾಯ್ 1875ರಿಂದ 1877ರವರೆಗೆ ಧಾರಾವಾಹಿಯಾಗಿ ಬರೆದ ‘ಅನ್ನಾ ಕರೆನಿನಾ’ದಲ್ಲಿ ಇದಕ್ಕೆ ಉತ್ತರವಿದೆ. ಅದು ತೆರೆಯುವುದೇ ಓಬ್ಲೋನ್‌ಸ್ಕಿಯ ಮನೆಯ ರಂಪದಿಂದ. ಮಕ್ಕಳಿಗೆ ಪಾಠ ಹೇಳುತ್ತಿದ್ದವಳೊಂದಿಗಿನ ಅವನ ಸಂಬಂಧ ಹೆಂಡತಿ ಡಾಲಿಗೆ ತಿಳಿದಿದೆ. ಮೈತುಂಬ ಸಾಲ. ತೀರಿಸಲು ಹೆಂಡತಿಯ ಪಾಲಿಗೆ ಬಂದ ಕಾಡನ್ನು ಮಾರಬೇಕು. ಮಾರಲು ಅವಳೊಂದಿಗೆ ರಾಜಿಯಾಗಬೇಕು. ತನ್ನ ಕ್ಷಮಾಪಣೆಯಲ್ಲಿ ಹಣದ ಆಸೆ ಬೆರೆಯಿತಲ್ಲ ಎಂದು ಅವನಿಗೂ ಕಸಿವಿಸಿ. ಕೊನೆಗೆ ಆ ಕಾಡನ್ನು ವ್ಯಾಪಾರಿಯೊಬ್ಬನಿಗೆ 38,000 ರೂಬಲ್‌ಗೆ ಕೊಡುತ್ತಾನೆ. ಸ್ನೇಹಿತ ಲೆವಿನ್ ಕೇಳುವುದು ಒಂದೇ ಪ್ರಶ್ನೆ: ಮರಗಳನ್ನು ಎಣಿಸಿದೆಯಾ? ಎಣಿಸಿರಲಿಲ್ಲ. ಎಮ್ಮಾ ಸತ್ತಳು. ಓಬ್ಲೋನ್‌ಸ್ಕಿ ಕೊನೆಯ ಪುಟದವರೆಗೂ ಔತಣಗಳಲ್ಲಿ ನಗುತ್ತಾ ಉಳಿಯುತ್ತಾನೆ. ಅವನ ತಪ್ಪಿನ ಬಡ್ಡಿ ಕಟ್ಟುವವಳು ಡಾಲಿ.

ಕೊನೆಯ ಕಂತು

ಎಮ್ಮಾ ಸತ್ತರೂ ಸಾಲ ಸಾಯಲಿಲ್ಲ. ಬಾಕಿದಾರರು ಒಬ್ಬೊಬ್ಬರಾಗಿ ಬಂದರು. ಎಂದೂ ಪಾಠ ಹೇಳದ ಸಂಗೀತ ಶಿಕ್ಷಕಿ ಕೂಡ ಆರು ತಿಂಗಳ ಫೀಜು ಕೇಳಿದಳು. ಅವಳ ಹೆಸರಿನ ರಸೀದಿ ಮನೆಯಲ್ಲಿಯೇ ಇತ್ತಲ್ಲ! ಶಾರ್ಲ್ ಒಂದೊಂದೇ ಸಾಮಾನು ಮಾರಿದ. ಹೆಂಡತಿಯ ಪತ್ರಗಳು ಸಿಕ್ಕಿ ಎಲ್ಲವೂ ತಿಳಿಯಿತು. ರೊಡೋಲ್ಫ್ ಎದುರಾದಾಗಲೂ ಅವನನ್ನು ದ್ವೇಷಿಸಲಾರದೆ, ವಿಧಿಯ ತಪ್ಪು ಎಂದುಬಿಟ್ಟ. ಮರುದಿನ ತೋಟದ ಬೆಂಚಿನ ಮೇಲೆ ಸತ್ತಿದ್ದ. ಎಲ್ಲವನ್ನೂ ಮಾರಿದ ಮೇಲೆ ಉಳಿದದ್ದು 12 ಫ್ರಾಂಕ್ 75 ಸಾಂತಿಮ್. ಪುಟ್ಟ ಬೆರ್ತ್‌ಳನ್ನು ಅಜ್ಜಿಯ ಮನೆಗೆ ಕಳುಹಿಸುವ ಖರ್ಚಿಗೆ ಅದು ಸಾಕಾಯಿತು. ಅದೇ ವರ್ಷ ಅಜ್ಜಿ ತೀರಿಕೊಂಡಳು. ತಾಯಿಯ ತಂದೆಗೆ ಪಾರ್ಶ್ವವಾಯು. ಬಡ ಸಂಬಂಧಿಯೊಬ್ಬಳು ಮಗುವನ್ನು ಸಾಕಿಕೊಂಡು, ಹೊಟ್ಟೆಪಾಡಿಗಾಗಿ ಹತ್ತಿ ಗಿರಣಿಗೆ ಕೆಲಸಕ್ಕೆ ಕಳುಹಿಸಿದಳು.

ನೂರಾರು ಪುಟಗಳ ಪ್ರೇಮ, ಬಡ್ಡಿ, ಸುಳ್ಳುಗಳ ಕೊನೆಯ ಕಂತನ್ನು ಕಟ್ಟಿದವಳು ಯಾವ ನೋಟಿಗೂ ಸಹಿ ಹಾಕದ ಈ ಹುಡುಗಿ.

ಇಂಥ ಪುಸ್ತಕವನ್ನು ಮಕ್ಕಳು ಓದಬಹುದೇ ಎಂದು ಪಾಲಕರು ಕೇಳುವುದು ಸಹಜ. ಹೈಸ್ಕೂಲಿನ ಮಕ್ಕಳಿಗೆ ಇದು ಹೊರಲಾರದ ಭಾರ. ಪಿಯುಸಿ ದಾಟಿದವರು ಓದಬಹುದು. ಮನೆಯಲ್ಲಿ ಹಿರಿಯರೊಬ್ಬರು ಮೊದಲೇ ಓದಿದ್ದು, ಮಾತಾಡಲು ಸಿದ್ಧರಿದ್ದರೆ ಇನ್ನೂ ಒಳ್ಳೆಯದು. ಎಮ್ಮಾ ಕೆಟ್ಟದ್ದು ಪುಸ್ತಕ ಓದಿದ್ದರಿಂದ ಎನ್ನುವವರಿದ್ದಾರೆ. ಅವಳು ಕದ್ದು ಓದಿದಳು, ಓದಿದ್ದರ ಬಗ್ಗೆ ಮಾತಾಡಲು ಅವಳಿಗೆ ಯಾರೂ ಇರಲಿಲ್ಲ ಎಂಬುದನ್ನೂ ಅವರು ಸೇರಿಸಿಕೊಳ್ಳಬೇಕು.

ಪುಸ್ತಕ ಓದಲು ಕಾಯಬಹುದು; ಅದರ ಪಾಠಕ್ಕೆ ಕಾಯಬೇಕಿಲ್ಲ. ತಿಂಗಳ ಮೊದಲ ಭಾನುವಾರ ಮನೆಯ ಜಮಾಖರ್ಚನ್ನು ಮಕ್ಕಳ ಎದುರಿಗೇ ಬರೆಯಬಹುದು. ಸಂಬಳ ಎಷ್ಟು, ಬಾಡಿಗೆ ಎಷ್ಟು, ಸಾಲದ ಕಂತು ಎಷ್ಟು ಎಂದು ಹತ್ತನೆಯ ತರಗತಿಯ ಮಗುವಿಗೆ ತಿಳಿದರೆ ಪಾಲಕರ ಗೌರವವೇನೂ ಕಡಿಮೆಯಾಗುವುದಿಲ್ಲ. ಮಗ ಫೀಜಿನ ಹಣ ಕಳೆದುಕೊಂಡು ಬಂದಾಗ, ಮಗಳು ಗೆಳತಿಯಿಂದ ಕೈಸಾಲ ತಂದದ್ದನ್ನು ಹೇಳಿದಾಗ, ಮೊದಲ ಮಾತು ಬೈಗುಳವಾದರೆ ಎರಡನೆಯ ಸಲ ಅವರು ಹೇಳುವುದಿಲ್ಲ. ಆಗ ಕೇಳಬೇಕಾದದ್ದು ‘ಒಟ್ಟು ಎಷ್ಟು?’ ಎಂಬ ಒಂದೇ ಪ್ರಶ್ನೆ. ಶಾರ್ಲ್ ಬೊವಾರಿ ಇಷ್ಟು ಪುಟಗಳಲ್ಲಿ ಒಮ್ಮೆಯೂ ಕೇಳದೆ ಉಳಿದದ್ದು ಅದೇ ಪ್ರಶ್ನೆ.